ಕ್ರಿಸ್‌ಮಸ್‌ಗೆ ಮುನ್ನ ದನಿ ಒಡೆಯುವುದನ್ನು ನಿಷೇಧಿಸುವ ಬಗ್ಗೆ

ವೆಲ್ಡನ್‌ಬರಿ ಕೆಥೆಡ್ರಲ್
ಬಾಲಗಾಯಕರ ಶಿಸ್ತು ಮತ್ತು ಸಂಪ್ರದಾಯ ಪಾಲನಾ ಕಚೇರಿ

ಸಂಖ್ಯೆ: ಬಾಗಾ/ಗಂಟಲು/೧೧
ದಿನಾಂಕ: ಡಿಸೆಂಬರ್ ೮

ವಿಷಯ: ಹಬ್ಬ ಮುಗಿಯುವವರೆಗೆ ಬಾಲಗಾಯಕರ ದನಿ ಒಡೆಯದಂತೆ ಕ್ರಮ ವಹಿಸುವ ಕುರಿತು.

ಉಲ್ಲೇಖ: ೧. ನಾನೂರು ವರ್ಷಗಳ ರೂಢಿ (ಕಡತವನ್ನು ಇಲಿ ತಿಂದಿದೆ).
೨. ನವೆಂಬರ್ ಕೊನೆಯ ಭಾನುವಾರದ ಪ್ರಾರ್ಥನೆಯಲ್ಲಿ ಕೇಳಿಬಂದ ಸದ್ದು.

ಕ್ರಿಸ್‌ಮಸ್ ಹಿಂದಿನ ಸಂಜೆ ಮೊದಲ ಹಾಡನ್ನು ಒಬ್ಬನೇ ಹಾಡಲು ನೇಮಕಗೊಂಡಿದ್ದ ಆಂಬ್ರೋಸ್ ಪೆಟಿಫರ್ ಎಂಬ ಬಾಲಕನ ದನಿಯು, ಪೂರ್ವಾನುಮತಿಯಿಲ್ಲದೆ, ಕೀರ್ತನೆಯ ನಡುವೆಯೇ ಒಡೆದಿರುವುದು ಕಚೇರಿಯ ಗಮನಕ್ಕೆ ಬಂದಿರುತ್ತದೆ. ಬಿಷಪ್ಪರ ನಾಯಿಯ ಗಮನಕ್ಕೂ ಬಂದಿರುತ್ತದೆ. ಆದ್ದರಿಂದ ಸಂಬಂಧಿಸಿದ ಎಲ್ಲರಿಗೂ ತಿಳಿಯಪಡಿಸುವುದೇನೆಂದರೆ:

೧. ದನಿ ಒಡೆಯಲು ಇಚ್ಛಿಸುವ ಬಾಲಕರು ಮೂರು ತಿಂಗಳು ಮುಂಚಿತವಾಗಿ, ಪೋಷಕರ ಸಹಿಯೊಂದಿಗೆ ಅರ್ಜಿ ಸಲ್ಲಿಸತಕ್ಕದ್ದು.

೨. ಮೀಸೆ ಚಿಗುರುವುದನ್ನು ಒಡಕಿನ ಪೂರ್ವಸಿದ್ಧತೆ ಎಂದು ಪರಿಗಣಿಸಿ, ಪ್ರತಿ ಸೋಮವಾರ ಮೇಲ್ದುಟಿಯ ತಪಾಸಣೆ ನಡೆಸಲಾಗುವುದು. ತಪಾಸಣೆಗೆ ಮುನ್ನ ಬಾಲಕರು ತುಟಿ ಒರೆಸಿಕೊಳ್ಳತಕ್ಕದ್ದು. ಕಳೆದ ವಾರ ಕೋಕೋ ಕುಡಿದು ಬಂದ ಕೆಲವರನ್ನು ತಪ್ಪಾಗಿ ಅಮಾನತಿನಲ್ಲಿಡಲಾಗಿದೆ.

೩. ಬೆಳವಣಿಗೆಯನ್ನು ತಡೆಗಟ್ಟುವ ಸಲುವಾಗಿ ಬೆಳಗಿನ ಸಾಸೇಜನ್ನು ಅರ್ಧಕ್ಕೆ ಇಳಿಸಲಾಗಿದೆ. ಉಳಿದರ್ಧವನ್ನು, ಬೆಳವಣಿಗೆ ಮುಗಿದಿರುವ ಕಚೇರಿ ಸಿಬ್ಬಂದಿ ಸೇವಿಸುವರು.

೪. ಆಂಬ್ರೋಸನು ನೀಡಿರುವ ವಿವರಣೆ: "ನಾನೇನ್ ಮಾಡ್ಲಿ ಸಾರ್? ಬಾಯಿ ತೆಗೆದ್ರೆ ಅರ್ಧ ನಾನು, ಅರ್ಧ ನಮ್ ತಾತ. ಹಾಡು ಮಾತ್ರ ಕಿತ್ಕೋಬೇಡಿ ಸಾರ್, ಅಮ್ಮಂಗೆ ಹೇಳ್ಬಿಟ್ಟಿದೀನಿ." ಸದರಿ ವಿವರಣೆಯು ಎರಡು ದನಿಗಳಲ್ಲಿದ್ದುದರಿಂದ ಎರಡನ್ನೂ ತಿರಸ್ಕರಿಸಿ, ಹಾಡನ್ನು ಬೇರೊಬ್ಬನಿಗೆ ವಹಿಸಲಾಗಿದೆ.

೫. ಬಾಲಕನು ಅಳು ನಿಲ್ಲಿಸದ ಕಾರಣ, ಮೂಗಿಗೆ ತುಪ್ಪ ಸವರುವ ಸದುದ್ದೇಶದಿಂದ, ಮೊನ್ನೆ ಸಂತ ನಿಕೋಲಸರ ಹಬ್ಬದಂದು ಅವನನ್ನೇ ಈ ಸಾಲಿನ 'ಬಾಲ ಬಿಷಪ್' ಆಗಿ ಆರಿಸಿ, ಟೋಪಿ ಮತ್ತು ದಂಡ ನೀಡಿ, ಬಿಷಪ್ಪರ ಪೀಠದಲ್ಲಿ ಕೂರಿಸಲಾಯಿತು. ರೂಢಿಯಂತೆ ಡಿಸೆಂಬರ್ ೨೮ರವರೆಗೆ ಬಾಲ ಬಿಷಪ್ಪರ ಮಾತನ್ನು ದೊಡ್ಡ ಬಿಷಪ್ಪರೂ ಮೀರುವಂತಿಲ್ಲ. ಹಿಂದಿನ ಬಾಲ ಬಿಷಪ್ಪರೆಲ್ಲ ಇನ್ನೊಂದು ಬಟ್ಟಲು ಪುಡಿಂಗ್ ಕೇಳಿ ಸುಮ್ಮನಾಗಿದ್ದುದರಿಂದ, ಈ ಅಂಶವನ್ನು ಕಚೇರಿಯು ಮರೆತಿತ್ತು.

೬. ಪೀಠವೇರಿದ ಕೂಡಲೇ ಸದರಿಯವರು ಹೊರಡಿಸಿದ ಆದೇಶ: "ಮೊದಲ್ನೇ ಹಾಡು ನಂದೇ. ದನಿ ಒಡೆದ್ರೆ ಒಡೀಲಿ. ನಗೋರು ಈಗ್ಲೇ ನಕ್ಕು ಮುಗಿಸ್ಕೊಳ್ಳಿ. ಸಾಸೇಜ್ ವಾಪಸ್ ಕೊಡಿ." ಅದರಂತೆ ೧ರಿಂದ ೪ರವರೆಗಿನ ನಿಯಮಗಳನ್ನು ತಡೆಹಿಡಿಯಲಾಗಿದೆ. ಸಾಸೇಜನ್ನು ಈಗಾಗಲೇ ಸೇವಿಸಿರುವುದರಿಂದ ಮರಳಿಸುವ ಪ್ರಶ್ನೆ ಉದ್ಭವಿಸುವುದಿಲ್ಲ.

೭. ನಿನ್ನೆಯ ತಾಲೀಮಿನಲ್ಲಿ ಸದರಿ ಹಾಡು ಮೂರನೇ ಸಾಲಿಗೇ ಒಡೆದು, ತಾತನ ದನಿಯಲ್ಲಿ ಮುಂದುವರಿದು, ಕೊನೆ ಮುಟ್ಟಿರುತ್ತದೆ. ಯಾರೂ ನಕ್ಕಿರುವುದಿಲ್ಲ. ಇದಕ್ಕೆ ನಿಯಮಗಳಲ್ಲಿ ಅವಕಾಶವಿದೆಯೇ ಎಂಬುದನ್ನು ಪರಿಶೀಲಿಸಲಾಗುತ್ತಿದೆ.

ಬಾಲ ಬಿಷಪ್ಪರ ಆದೇಶಾನುಸಾರ,
ಸಹಿ/-
ಉಪ ಅಧೀಕ್ಷಕರು (ಗಂಟಲು)

ಪ್ರತಿಗಳು:
ದೊಡ್ಡ ಬಿಷಪ್ಪರಿಗೆ, ೨೮ರವರೆಗೆ ಸ್ಟೂಲಿನ ಮೇಲೆ ಕೂರುವ ಕೋರಿಕೆಯೊಂದಿಗೆ.
ಅಡುಗೆಮನೆಗೆ, ಸಾಸೇಜಿನ ವಿಷಯದಲ್ಲಿ ಬಾಯಿ ಬಿಡದಿರಲು.
ಗಾಯಕವೃಂದದ ಹಿಂದಿನ ಸಾಲಿನಲ್ಲಿ ನಿಲ್ಲುವ ದಪ್ಪ ದನಿಯ ಗಂಡಸರಿಗೆ, ಜನವರಿಯಿಂದ ಸ್ವಲ್ಪ ಸರಿದು ಜಾಗ ಬಿಡಲು.
ಬಾಲಕನ ತಾಯಿ ಶ್ರೀಮತಿ ಪೆಟಿಫರ್ ಅವರಿಗೆ: ಮೊದಲ ಸಾಲಿನಲ್ಲಿ ಕುರ್ಚಿ ಕಾದಿರಿಸಿದೆ. ಕರವಸ್ತ್ರ ತಾವೇ ತರತಕ್ಕದ್ದು. ಕಚೇರಿಯಲ್ಲಿದ್ದವನ್ನೆಲ್ಲ ಸಿಬ್ಬಂದಿಯು ನಿನ್ನೆಯ ತಾಲೀಮಿನಲ್ಲೇ ಬಳಸಿ ಮುಗಿಸಿರುತ್ತಾರೆ.