ಬೀದಿ ಸುತ್ತಿ ಬಂದ ಜೊಂಬಿಗಳು

ಕಿಯೊಹಾರುವಿಗೆ ಆ ದಿನ ಬೆಳಿಗ್ಗೆಯಿಂದ ಇಡೀ ಬೀದಿಯ ಮೇಲೇ ಗುಮಾನಿ. ಐವತ್ತನಾಲ್ಕು ವರ್ಷ ತಲೆ ಬಗ್ಗಿಸಿ ಬಾಳಿ ಗಳಿಸಿದ್ದ ಮಾನ, ಒಂದು ಹಾಳೆಯ ಜೊತೆ ಮನೆಮನೆ ತಿರುಗುತ್ತಿತ್ತು.

ಆದದ್ದಿಷ್ಟು. ಮದುವೆಯಾಗಿ ಹೋದ ಮಗಳು ಬಿಟ್ಟುಹೋಗಿದ್ದ ಜೊಂಬಿ ಮಾಂಗಾ ಚಿತ್ರಕಥೆಗಳನ್ನೆಲ್ಲ ಓದಿ ಮುಗಿಸಿದ ಅವನಿಗೆ, ಇಂಥದ್ದೊಂದು ಕಾದಂಬರಿ ತಾನೂ ಬರೆಯಬಲ್ಲೆ ಎಂದು ಜ್ಞಾನೋದಯವಾಯಿತು. (ಗಂಡಸರಿಗೆ ಇಂಥ ಜ್ಞಾನೋದಯ ಐವತ್ತು ದಾಟಿದ ಮೇಲೇ ಆಗುವುದು, ಹೆಂಡತಿಗೆ ಹೇಳುವ ಹಾಗೂ ಇರುವುದಿಲ್ಲ.) ಪಾತ್ರಗಳಿಗೆ ಎಲ್ಲಿಗೆ ಹೋಗುವುದು? ಬೀದಿಯ ಹನ್ನೊಂದು ಮನೆಯವರನ್ನೂ ಸಾಲಾಗಿ ಜೊಂಬಿ ಮಾಡಿದ. ಯಾರನ್ನು ಯಾರು ಎಷ್ಟನೇ ಅಧ್ಯಾಯದಲ್ಲಿ ಕಚ್ಚುತ್ತಾರೆಂದು ಅಸಲಿ ಹೆಸರುಗಳೊಡನೆ ಪಟ್ಟಿ ಬರೆದ. ಹೆಂಡತಿ ಫುಸಾಎ ಎರಡನೇ ಅಧ್ಯಾಯಕ್ಕೇ ಖಲಾಸ್. ಲೋಕಪ್ರಳಯದ ಕೊನೆಗೆ ಉಳಿಯುವವನು ವೀರಾಧಿವೀರ ಕಿಯೊಹಾರು ಒಬ್ಬನೇ.

ಬೀದಿ ಸಂಘದ ಸುತ್ತೋಲೆಯ ಪಕ್ಕ ಇಟ್ಟಿದ್ದ ಆ ಪಟ್ಟಿ ಈಗ ಅದರ ರಟ್ಟಿಗೆ ಸಿಕ್ಕಿಕೊಂಡು ಹೋಗಿತ್ತು. ಸುತ್ತೋಲೆ ಬಂದರೆ ಓದಿ, ತಮ್ಮ ಮನೆಯ ಹೆಸರಿನ ಮೊಹರು ಒತ್ತಿ, ಪಕ್ಕದ ಮನೆ ಬಾಗಿಲಿಗೆ ದಾಟಿಸುವುದು ಪದ್ಧತಿ.

"ಸುತ್ತೋಲೆ ಎಲ್ಲಿ?"

"ನಿನ್ನೇನೇ ದಾಟಿಸ್ದೆ. ಯಾಕ್ರೀ, ಮುಖ ಬಿಳಿಚ್ಕೊಂಡಿದೆ?" ಎಂದಳು ಫುಸಾಎ.

"ಏನಿಲ್ಲ. ಚರಂಡಿ ತೊಳೆಯೋದು ಯಾವತ್ತು ಅಂತ ನೋಡ್ಬೇಕಿತ್ತು."

"ಇಪ್ಪತ್ತು ವರ್ಷದಿಂದ ಸರಿಯಾಗಿ ಅವತ್ತೇ ನಿಮಗೆ ಬೆನ್ನುನೋವು. ಈಗೇನು ಚರಂಡಿ ಮೇಲೆ ಪ್ರೀತಿ?"

ಬೀದಿಗಿಳಿದರೆ ಎಲ್ಲರೂ ಎಂದಿನಂತೆಯೇ ಬಾಗಿ ನಮಸ್ಕರಿಸಿದರು. ಅದೇ ಅವನನ್ನು ಕೊಂದದ್ದು. ನಿಶಿಗಾಕಿ ಅಜ್ಜಿ ಎರಡು ಬೆರಳು ಹೆಚ್ಚೇ ಬಾಗಿದಳಲ್ಲ, ಯಾಕೆ? "ಚಳಿ ಶುರುವಾಯ್ತು, ಅಲ್ವಾ?" ಎಂದರು ಟೊಕುನಾಗಾ ಮೇಷ್ಟ್ರು. ಅದರಲ್ಲೂ ಏನೋ ಇದೆ. ಎದುರು ಮನೆಯಾಕೆ ಕುರಾಮೊಚಿ ಮೂರು ಕಿತ್ತಳೆ ಕೊಟ್ಟರೆ, ಮನೆಗೆ ತಂದು ಮೂಸಿ ನೋಡಿದ. ಬೈದಿದ್ದರೆ ಕಾಲಿಗಾದರೂ ಬೀಳಬಹುದಿತ್ತು. ಯಾರೂ ಕುಂಬಳಕಾಯಿ ಕಳ್ಳ ಎನ್ನಲಿಲ್ಲ, ಇವನು ಮಾತ್ರ ನಾಲ್ಕು ದಿನ ಹೆಗಲು ಮುಟ್ಟಿಕೊಂಡೇ ಓಡಾಡಿದ.

ಐದನೆಯ ದಿನ ಸುತ್ತೋಲೆ ಸುತ್ತು ಮುಗಿಸಿ ಬಂತು. ಫುಸಾಎ ಅದನ್ನು ಊಟದ ಮೇಜಿನ ಮೇಲಿಟ್ಟು ಎದುರಿಗೇ ಕುಳಿತಳು. ಪಟ್ಟಿಯ ತುಂಬ ಕೆಂಪು ಮೊಹರುಗಳು, ಪಕ್ಕದಲ್ಲಿ ಬರಹ.

"ಮಂಡಿನೋವು, ಓಡಲಾರೆ. ದಯವಿಟ್ಟು ಮೊದಲಿಂದಲೇ ಜೊಂಬಿ ಮಾಡಿ. ನಿಶಿಗಾಕಿ."

"ಕುರಾಮೊಚಿಯವರು ನನ್ನನ್ನು ಕಚ್ಚುವುದಕ್ಕೆ ಒಪ್ಪಿಗೆಯಿಲ್ಲ. ನಾನೇ ಅವರನ್ನು ಕಚ್ಚುತ್ತೇನೆ. ಟೊಕುನಾಗಾ."

ಕಿಯೊಹಾರುವಿಗೆ ಹೋದ ಜೀವ ಬಂದಂತಾಯಿತು. "ನೋಡಿದ್ಯೇನೇ, ಮೆಚ್ಕೊಂಡಿದ್ದಾರೆ," ಎಂದ.

"ಕೆಳಗೂ ಓದಿ."

ಬುಡದಲ್ಲಿ ಸಂಘದ ಅಧ್ಯಕ್ಷರ ದುಂಡು ಅಕ್ಷರ: "ಕಥೆಗೆ ಬೀದಿಯ ಸರ್ವಾನುಮತದ ಒಪ್ಪಿಗೆ. ಒಂದೇ ತಿದ್ದುಪಡಿ. ಬರೆದವರನ್ನು ಮೊದಲನೇ ಪುಟದಲ್ಲೇ ಕಚ್ಚತಕ್ಕದ್ದು. ಕಚ್ಚುವ ಹೊಣೆಯನ್ನು ಒಬ್ಬರು ತಾವಾಗಿಯೇ ವಹಿಸಿಕೊಂಡಿದ್ದಾರೆ." ಪಕ್ಕದಲ್ಲಿದ್ದ ಮೊಹರು ತಮ್ಮ ಮನೆಯದೇ.

"ಈ ಹಾಳೆ ನೀನು ಮೊದ್ಲೇ ನೋಡಿದ್ಯಾ?"

"ನೋಡ್ದೇನೇ ರಟ್ಟಿಗೆ ಸಿಕ್ಸಕ್ಕಾಗುತ್ತಾ?" ಫುಸಾಎ ಕಿತ್ತಳೆ ಸುಲಿಯುತ್ತಾ ಹೇಳಿದಳು. "ಎರಡನೇ ಅಧ್ಯಾಯಕ್ಕೆ ನಾನೊಬ್ಳೇ ಹೋಗ್ಬೇಕಂತೆ. ನೀವು ಮುಂದೆ ನಡೀರಿ, ನಾನು ಹಿಂದೆ ಬರ್ತೀನಿ."