ಎಮಿಲ್ ಸಾಹೇಬರ ಬಾಯಿಗೆ ಒಂದು ಚಮಚ ನೀರು

ಸುಮ್ಮನೆ ಕೂರುವುದರಲ್ಲಿ ನನ್ನನ್ನು ಮೀರಿಸುವವರು ಇಡೀ ಲಂಡನ್ನಿನಲ್ಲಿ ಇಲ್ಲವೆಂದು ನಂಬಿದ್ದೆ, ಮಕ್ಕಳೇ. ಹಳ್ಳಿ ಶಾಲೆಯ ಕೊನೆಯ ಸಾಲಿನಲ್ಲಿ, ನಿಮ್ಮ ತಾತನ ನೆಂಟರ ಮಧ್ಯೆ, ಇಲ್ಲಿ ಜಿಪಿ ಡಾಕ್ಟರ ಎದುರು, ಎಲ್ಲ ಕಡೆಯೂ ತುಟಿ ಬಿಚ್ಚದೆ ಕೂತು ಬಂದವಳು ನಾನು.

ಲಂಡನ್ನಿನ ಅಂಚಿನ ಹೇಸ್‌ನಲ್ಲಿ ಮುಚ್ಚಿದ್ದ ಒಂದು ಆಸ್ಪತ್ರೆಯಲ್ಲಿ ಫ್ರೆಂಚ್ ಸಿನಿಮಾದ ಶೂಟಿಂಗು. ಸಾಯುವ ರೋಗಿಯ ಪಕ್ಕದಲ್ಲಿ ನೆರೆಮನೆಯಾಕೆಯಾಗಿ ಕೂರಲು ವಯಸ್ಸಾದ ಇಂಡಿಯನ್ ಹೆಂಗಸು ಬೇಕಂತೆ. ಧಾರವಾಡದ ಗೆಳತಿ ಶಾಂತಾಬಾಯಿ ಸುದ್ದಿ ತಂದರು.

"ಅಯ್ಯೋ, ನಂಗೆ ಇಂಗ್ಲಿಷೇ ಸರಿಯಾಗಿ ಬರಲ್ಲ ಕಣ್ರೀ!"

"ಮಾತಾಡೂದಿಲ್ರೀ ಜಾನಕ್ಕಾ, ಸುಮ್ನ ಕುಂದ್ರೂದಷ್ಟ. ಅದೂ ಬರೂದಿಲ್ಲೇನ್ ನಿಮಗ?"

ಈ ಮಾತು ನಾಟಿತು. ಅವರನ್ನೂ ಜೊತೆಗೆ ಕರೆದುಕೊಂಡು ಹೊರಟೇಬಿಟ್ಟೆ.

ರೋಗಿಯ ಪಾತ್ರದವರು ಎಮಿಲ್ ಸಾಹೇಬರು. ಟೀ ಕುಡಿಯುವಾಗ ಅವರು ಮುರುಕು ಇಂಗ್ಲಿಷಿನಲ್ಲಿ ಹೇಳಿದ್ದನ್ನು ಶಾಂತಾಬಾಯಿ ನನಗೆ ತಿಳಿಸಿದರು.

"ನಲವತ್ತ ವರ್ಷದಿಂದ ಬರೇ ಸಣ್ಣ ಪಾತ್ರ ಅಂತ್ರೀ. ಹೀರೋಗ ಬಾಗಲಾ ತೆಗ್ಯಾವ, ಹೀರೋಗ ಸೂಪ್ ಬಡಸಾವ, ಹೀರೋನ ಕಾರ್ ಹೊಡ್ಯಾವ. ಕ್ಯಾಮೆರಾ ಇವನ ಬೆನ್ನಷ್ಟ ನೋಡ್ಯದಂತ. ಇವತ್ತ ಮೊದಲ್ನೇ ಸಲ ಮುಖಾ ತುಂಬ ತೋರಸ್ತಾರ. ಎರಡ ನಿಮಿಷ ಮಾತಾಡಿ ಸಾಯ್ತಾನಂತ."

"ಎರಡು ನಿಮಿಷವಾ! ಪುಣ್ಯವಂತರು," ಎಂದೆ. ಸಾಹೇಬರು ಎದೆಯ ಮೇಲೆ ಕೈಯಿಟ್ಟು ತಲೆಬಾಗಿದರು.

ದೀಪ ಉರಿಯಿತು. ಅಲುಗಾಡಬಾರದೆಂದು ನಿರ್ದೇಶಕರ ಆಜ್ಞೆಯಾಯಿತು. ಸಾಹೇಬರು ಮಾತು ಶುರು ಮಾಡಿದರು. ನನಗೆ ಒಂದಕ್ಷರವೂ ತಿಳಿಯಲಿಲ್ಲ. ಆದರೆ ಸ್ವಲ್ಪ ಹೊತ್ತಿಗೆ ದನಿ ಸಣ್ಣದಾಯಿತು, ಗಂಟಲು ಗೊರಗೊರ ಎಂದಿತು, ಕಣ್ಣು ಮೇಲಕ್ಕೆ ಹೋಯಿತು.

ಆ ಸದ್ದನ್ನು ನಾನು ಮೊದಲು ಒಂದೇ ಸಲ ಕೇಳಿದ್ದೆ, ನಿಮ್ಮ ತಾತನ ಮಂಚದ ಪಕ್ಕ. ಅವತ್ತು ಬಾಯಿಗೆ ಎರಡು ಹನಿ ನೀರು ಬಿಡಲೇ ಎಂದು ನರ್ಸನ್ನು ಕೇಳಲು ನಾಚಿಕೊಂಡು ಸುಮ್ಮನೆ ಕೂತಿದ್ದೆ.

ಇವತ್ತು ಕೂರಲಾಗಲಿಲ್ಲ. ಮೇಜಿನ ಮೇಲೆ ನೀರಿನ ಲೋಟವಿತ್ತು, ಚಮಚವಿತ್ತು. "ನಾರಾಯಣ, ನಾರಾಯಣ," ಎನ್ನುತ್ತಾ ಬಗ್ಗಿ, ಚಮಚ ತುಂಬ ನೀರನ್ನು ಸಾಹೇಬರ ಬಾಯಿಗೆ ಸುರಿದುಬಿಟ್ಟೆ.

ಸತ್ತವರು ಎದ್ದು ಕೂತರು!

ಎಂಥ ಕೆಮ್ಮು! ನೀರು ನಿರ್ದೇಶಕರ ಕಾಗದಗಳ ತನಕ ಚಿಮ್ಮಿತು.

"ಜಾನಕ್ಕಾ, ಏನ್ ಮಾಡಿದ್ರೀ!" ಶಾಂತಾಬಾಯಿ ಕೂಗಿದರು. "ಅಂವ ಖರೇ ಸಾಯೂದಿಲ್ರೀ, ಪಗಾರಕ್ಕ ಸಾಯಾಕತ್ತಾನ!"

ನಾನು ಸೆರಗಿನಲ್ಲಿ ಮುಖ ಮುಚ್ಚಿಕೊಂಡೆ. ಸಾಹೇಬರು ಗಡ್ಡ ಒರೆಸಿಕೊಂಡು ಏನೋ ಹೇಳಿದರು.

"ನಲವತ್ತ ವರ್ಷದಾಗ ನನ್ನ ನಟನಾ ಇಷ್ಟ ನಂಬಿದಾಕಿ ಈಕಿ ಒಬ್ಬಾಕಿನ ಅಂತಾನ್ರೀ," ಎಂದರು ಶಾಂತಾಬಾಯಿ.

ಮತ್ತೆ ಸಾಯಲು ಮಲಗಿದರು. ಅರ್ಧ ಸಾಯುವಷ್ಟರಲ್ಲಿ ಚಮಚ ಕಂಡು ನಕ್ಕುಬಿಟ್ಟರು. ಚಮಚವನ್ನು ಹೊರಗೆ ಸಾಗಿಸಿದರು. ಆಮೇಲೆ ನನ್ನನ್ನು ಕಂಡು ನಕ್ಕರು. ನನ್ನನ್ನೂ ಹೊರಗೆ ಸಾಗಿಸಿದರು. ಖಾಲಿ ಕುರ್ಚಿ ಕಂಡೂ ನಕ್ಕರಂತೆ! ಅಷ್ಟರಲ್ಲಿ ಕಿಟಕಿಯಾಚೆ ಬೆಳಕು ಹೋಯಿತು. ಹರಳೆಣ್ಣೆ ಕುಡಿದ ಮುಖದ ನಿರ್ದೇಶಕರು, ಮೊದಲು ತೆಗೆದದ್ದರಲ್ಲೇ ಸುಧಾರಿಸೋಣ ಎಂದರಂತೆ.

ಮರುವರ್ಷ ನಿಮ್ಮಪ್ಪ ಆ ಚಿತ್ರದ ಡಿವಿಡಿ ತಂದ. ಎಲ್ಲರೂ ಸೋಫಾದಲ್ಲಿ ಕೂತೆವು. ಎರಡು ನಿಮಿಷದ ಮಾತನ್ನೆಲ್ಲ ಕತ್ತರಿಸಿ, ಕೊನೆಯ ಉಸಿರನ್ನು ಮಾತ್ರ ಉಳಿಸಿದ್ದರು. ಇರಲಿ, ಮುಖವಾದರೂ ಕಂಡೀತು ಎಂದು ಉಸಿರು ಹಿಡಿದೆ. ಮಂಚ ಬಂತು. ಸಾಹೇಬರ ಹಣೆ ಬಂತು. ಅಷ್ಟರಲ್ಲಿ ಮರೂನ್ ಕಾರ್ಡಿಗನ್ ತೊಟ್ಟ ದಪ್ಪ ತೋಳೊಂದು ಬಲಗಡೆಯಿಂದ ಗುಡ್ಡದಂತೆ ಎದ್ದು ಪರದೆಯನ್ನೇ ತುಂಬಿತು. ಅದರ ಹಿಂದೆ ಯಾರೋ ನರಳಿದರು. ಮುಗಿಯಿತು!

"ಅಜ್ಜಿ, ದಟ್ಸ್ ಯುವರ್ ಎಲ್ಬೋ!" ಎಂದಳು ನಿಮ್ಮಲ್ಲಿ ದೊಡ್ಡವಳು.

ಹೌದು ಮಗಳೇ. ನಲವತ್ತು ವರ್ಷ ಕಾದವರು ಎಮಿಲ್ ಸಾಹೇಬರು. ಮುಖ ತುಂಬ ಕ್ಯಾಮೆರಾ ಹಿಡಿಸಿಕೊಂಡು ಪ್ರಾಣ ಬಿಟ್ಟದ್ದು ನಿಮ್ಮಜ್ಜಿಯ ಮೊಣಕೈ!