ಬೀಗ ಮಾಡಿದವಳ ಬಾಯಿ

ಬೆಳಿಗ್ಗೆ ಕಂಪ್ಯೂಟರ್ ಹಚ್ಚಿದಾಗ ದೊಡ್ಡಕ್ಕನ ಸಂದೇಶವೊಂದು ಮೌನಗೌರಿಗಾಗಿ ಕಾದು ಕೂತಿತ್ತು. ಅವಳು ಅದನ್ನು ಆಗಲೇ ತೆರೆದಿದ್ದರೆ ಈ ಕತೆಯೇ ಇರುತ್ತಿರಲಿಲ್ಲ.

ತೆರೆಯಲಿಲ್ಲ. ದೊಡ್ಡಕ್ಕ ಅವಳ ತಂಡದ ಹಿರಿಯರು. ಬೇರೆ ಊರಿನ ಶಾಖೆಗೆ ಹೊರಟಿದ್ದರು, ಇವತ್ತೇ ಕೊನೆಯ ದಿನ. ಅವರ ಮಾತು ಓದಿದರೆ ಅಳು ಬರುತ್ತದೆ, ಅಳು ಬಂದರೆ ಬೆರಳು ಓಡುವುದಿಲ್ಲ. ಮೊದಲು ತನ್ನ ಕೃತಜ್ಞತೆ ಬರೆದು ಕಳಿಸಿಬಿಡೋಣ ಎಂದುಕೊಂಡಳು. ಬಾಯಲ್ಲಿ ಹೇಳುವುದಂತೂ ಆಗದ ಮಾತು. ಮೀಟಿಂಗಿನಲ್ಲಿ ಯಾರು ಏನು ಕೇಳಿದರೂ ಅವಳ ಕತ್ತು ಮೇಲೆ ಕೆಳಗೆ ಆಡುತ್ತಿತ್ತೇ ಹೊರತು ತುಟಿ ಬಿಚ್ಚುತ್ತಿರಲಿಲ್ಲ. ಹೆಸರು ಬಂದದ್ದೇ ಹಾಗೆ.

ಅವಳ ಅಮ್ಮ ನೆರೆಹೊರೆಯವರಿಗೆಲ್ಲ ಮಗಳು ಲೈಬ್ರರಿಯಲ್ಲಿದ್ದಾಳೆ, ಗಲಾಟೆಯಿಲ್ಲದ ಕೆಲಸ ಎಂದು ಹೇಳಿಕೊಂಡಿದ್ದರು. ಲೈಬ್ರರಿ ಹೌದು, ಪುಸ್ತಕದ್ದಲ್ಲ; ಸಿದ್ಧ ಕೋಡಿನ ಕಟ್ಟಿಗೂ ಕಂಪ್ಯೂಟರಿನವರು ಲೈಬ್ರರಿ ಎನ್ನುತ್ತಾರೆ. ಕಂಪ್ಯೂಟರಿನಲ್ಲಿ ಸಂದೇಶ ಕಳಿಸುವ ತಂತ್ರಾಂಶಗಳಿಗೆ ಬೇರೆಯವರು ತಂದು ಜೋಡಿಸಿಕೊಳ್ಳುವ ಸಿದ್ಧ ಬೀಗ ಅದು. ಕಳಿಸಿದವರು, ಪಡೆದವರು ಬಿಟ್ಟು ನಡುವೆ ಯಾರೂ ಓದಲಾರರು. ಬೀಗದಕೈ ಆ ಎರಡು ಕಂಪ್ಯೂಟರುಗಳ ಹೊಟ್ಟೆಯೊಳಗೇ ಇರುತ್ತದೆ. ಬೀಗದ ಬಹುಪಾಲು ಮೌನಗೌರಿಯದೇ ಕೈಕೆಲಸ.

ಬರೆದಳು, ಅಳಿಸಿದಳು, ಮತ್ತೆ ಬರೆದಳು. ಕೊನೆಗೆ ಕಣ್ಣು ಮುಚ್ಚಿಕೊಂಡು ಕಳಿಸಿದಳು.

ಅಷ್ಟರಲ್ಲಿ ಪಕ್ಕದ ಮೇಜಿನ ರಿಪೇರಿಮಾಮ ದೊಡ್ಡಕ್ಕನಿಗೆ ಉಪಕಾರ ಮಾಡಿ ಮುಗಿಸಿದ್ದರು. ಹೊರಡುವವರ ಕಂಪ್ಯೂಟರ್ ಚೊಕ್ಕಟವಾಗಿರಲಿ ಎಂದು ಒಳಗಿದ್ದದ್ದನ್ನೆಲ್ಲ ಗುಡಿಸಿ ಹಾಕಿದ್ದರು. ಕಸದ ಜೊತೆ ಬೀಗದಕೈಯೂ ಹೋಗಿತ್ತು. ಮೌನಗೌರಿಯ ಸಂದೇಶ ಅಲ್ಲಿ ತಲುಪಿ, ಯಾರಿಗೂ ಬಾಯಿ ಬಿಡದೆ ಕಲ್ಲಿನಂತೆ ಕೂತಿತು.

"ಇದೇನು, ತೆಗೆಯೋಕೇ ಬರ್ತಿಲ್ಲ?" ಎಂದರು ದೊಡ್ಡಕ್ಕ. ಕಚೇರಿಯೆಲ್ಲ ಬೆಲ್ಲಕ್ಕೆ ಇರುವೆ ಮುತ್ತಿದಂತೆ ಮುತ್ತಿತು.

ಹೆದರಬೇಡಿ, ಕಳಿಸಿದವಳ ಹತ್ತಿರ ಪ್ರತಿ ಇರುತ್ತದೆ ಎಂದು ಯಾರೋ ನೆನಪಿಸಿದರು. ಮೌನಗೌರಿ ಓಡಿ ಬಂದು ನೋಡಿದರೆ ಅವಳ ಕುರ್ಚಿಯಲ್ಲಿ ರಿಪೇರಿಮಾಮ. "ನಿನ್ನದೂ ನಿಧಾನ ಆಗಿತ್ತು ಕಣಮ್ಮ, ಕ್ಲೀನ್ ಮಾಡ್ಬಿಟ್ಟೆ," ಎಂದರು, ಮಗುವಿಗೆ ಸ್ನಾನ ಮಾಡಿಸಿ ಎತ್ತಿಕೊಂಡವರ ಹಾಗೆ ನಗುತ್ತ. ಅವಳ ಪ್ರತಿ ಹೋಯಿತು, ಬೀಗದಕೈಯೂ ಹೋಯಿತು. ಅವಳು ಇನ್ನೂ ತೆರೆಯದೆ ಇಟ್ಟಿದ್ದ ದೊಡ್ಡಕ್ಕನ ಸಂದೇಶಕ್ಕೂ ಶಾಶ್ವತವಾಗಿ ಬೀಗ ಬಿತ್ತು.

ಇನ್ನು ಊಹೆಗಳಿಗೆ ಬರವೇ? ಇಷ್ಟು ದಿನ ಮಾತಾಡದವಳು ಬೆಳಿಗ್ಗೆಯಿಂದ ಕೂತು ಬರೆದಿದ್ದಾಳೆಂದರೆ ರಾಜೀನಾಮೆಯೇ ಎಂದರು ಒಬ್ಬರು. ಸಾಹೇಬರ ಮೇಲೆ ದೂರು ಎಂದರು ಇನ್ನೊಬ್ಬರು. ಸುದ್ದಿ ಸಾಹೇಬರ ಕಿವಿಗೂ ಬಿದ್ದು, ಅವರೇ ಎದ್ದು ಬಂದರು.

"ನಾವೇ ಮಾಡಿದ ಬೀಗ. ನಮ್ಮ ಹತ್ರ ಇನ್ನೊಂದು ಕೈ ಇರಲ್ವೇನಮ್ಮ?"

"ಇದ್ರೆ ಅದು ಬೀಗ ಅಲ್ಲ ಸರ್," ಎಂದಳು ಮೌನಗೌರಿ. ಎಲ್ಲರೂ ಬೆಚ್ಚಿದರು. ಅವಳ ದನಿ ಹೀಗಿರುತ್ತದೆ ಎಂದು ಕೆಲವರಿಗೆ ಅಂದೇ ತಿಳಿದದ್ದು.

ಹಾಗಾದರೆ ಬರೆದದ್ದನ್ನು ಬಾಯಲ್ಲೇ ಹೇಳಿಬಿಡು, ಎಲ್ಲರ ಅನುಮಾನವೂ ಹೋಗಲಿ ಎಂದು ಸಾಹೇಬರು ಕೈಕಟ್ಟಿ ನಿಂತರು. ದೊಡ್ಡಕ್ಕ ಆಗಲೇ ಕೈಚೀಲ ಹೆಗಲಿಗೇರಿಸಿದ್ದರು. ಈಗ ಹೇಳದಿದ್ದರೆ ಇನ್ನೆಂದೂ ಇಲ್ಲ. ಮೌನಗೌರಿ ಮೇಜಿನ ಅಂಚು ಹಿಡಿದುಕೊಂಡಳು.

"ಅಕ್ಕಾ, ನಾನು ಸೇರಿದ ಹೊಸದರಲ್ಲಿ ಒಂದು ತಪ್ಪು ಮಾಡಿ ಗಿರಾಕಿಗಳ ಸಂದೇಶವೆಲ್ಲ ನಿಲ್ಲಿಸಿಬಿಟ್ಟಿದ್ದೆ. ಯಾರು ಮಾಡಿದ್ದು ಅಂತ ಕೇಳಿದ್ರೆ ನೀವು 'ನಮ್ಮಿಂದ ಆಯ್ತು' ಅಂದ್ರಿ. ನನ್ನಿಂದ ಅನ್ನೋದನ್ನ ನಮ್ಮಿಂದ ಮಾಡಿದ್ರಿ. ಅವತ್ತು ಮನೆಗೆ ಹೋಗಿ ಹೊಟ್ಟೆ ತುಂಬ ಊಟ ಮಾಡಿದೆ. ನೀವು ನನಗೆ ಏನೇನು ಮಾಡಿದ್ರೋ ಎಲ್ಲಕ್ಕೂ, ಇನ್ನು ಏನು ಮಾಡಿದ್ರೂ ಅದಕ್ಕೂ, ಥ್ಯಾಂಕ್ಸ್ ಅಕ್ಕ."

ರಿಪೇರಿಮಾಮ ಕಂಪ್ಯೂಟರ್ ಒರೆಸುವ ಬಟ್ಟೆಯಲ್ಲೇ ಕಣ್ಣೊರೆಸಿಕೊಂಡರು. ದೊಡ್ಡಕ್ಕ ಅವಳನ್ನು ಅಪ್ಪಿಕೊಂಡು, "ಅಂತೂ ಒಪ್ಕೊಂಡೆ ಬಿಡು, ನನ್ನ ಜೀವ ಹಗುರಾಯ್ತು," ಎಂದರು.

ಏನನ್ನು ಎಂದು ಮೌನಗೌರಿ ಕಣ್ಣಲ್ಲೇ ಕೇಳಿದಳು.

"ಬೆಳಿಗ್ಗೆ ಬರೆದಿದ್ನಲ್ಲೇ. ಗಿರಾಕಿಗಳ ಹತ್ರ ಮಾತಾಡೋ ನನ್ನ ಕೆಲಸಕ್ಕೆ ನಿನ್ನ ಹೆಸರು ಹೇಳ್ತೀನಿ, ಬೇಡ ಅಂದ್ರೆ ನಾನು ಹೊರಡೋದ್ರೊಳಗೆ ತಿಳಿಸು ಅಂತ. ನೀನು ಬೇಡ ಅನ್ನೋದಿರಲಿ, ಎಲ್ಲರೆದುರು ಥ್ಯಾಂಕ್ಸ್ ಹೇಳಿದೆ."

ಸಾಹೇಬರಿಗೂ ಸಂಶಯವಿತ್ತಂತೆ, ಈ ಹುಡುಗಿ ಮಾತಾಡುತ್ತಾಳೆಯೇ ಎಂದು. ಈಗ ಕಿವಿಯಾರೆ ಕೇಳಿದೆ ಎಂದು ಸಾಹೇಬರು ಬೀಗಿದರು. ಸ್ವಂತ ಸಂದೇಶವೇ ತೆರೆಯದಷ್ಟು ಗಟ್ಟಿ ಬೀಗ ಎನ್ನುವುದನ್ನು ಗಿರಾಕಿಗಳಿಗೆ ಹೇಳಲು ಇವಳಿಗಿಂತ ಬೇರೆ ಯಾರು ಬೇಕು?

"ನಾಳೆ ಬೆಳಿಗ್ಗೆ ಹನ್ನೆರಡು ಜನ ಗಿರಾಕಿಗಳು ಬರ್ತಿದಾರೆ. ಒಂದು ಗಂಟೆ ಮಾತಾಡಿದ್ರೆ ಸಾಕು. ಆಗುತ್ತಲ್ಲಮ್ಮ?"

ಆಗುವುದಿಲ್ಲ ಎನ್ನಲು ಮೌನಗೌರಿ ಬಾಯಿ ತೆರೆದಳು. ಆ ದಿನದ ಮಾತೆಲ್ಲ ಖರ್ಚಾಗಿ ಹೋಗಿತ್ತು. ಕತ್ತು ಮಾತ್ರ, ಅಭ್ಯಾಸಬಲದಿಂದ, ಮೇಲೆ ಕೆಳಗೆ ಆಡಿತು.